ಬೆಟ್ಟ ಹತ್ತುವ ಮಹನೀಯರಿಗೆ

ಬೆಟ್ಟ ಹತ್ತುವುದಕ್ಕೆ ಈಗ ಕನ್ನಡದಲ್ಲಿ ಒಂದು ಮರ್ಯಾದಸ್ಥ ಮಾತಿದೆ. ಚಾರಣ. ನಮ್ಮ ಕೇರಿಗೆ ಈ ಮಾತು ಬಂದದ್ದು ಕಾಲೇಜಿಗೆ ಹೋದ ನಮ್ಮ ಬಾಯಿಂದಲೇ. ಅದಕ್ಕೆ ಮುಂಚೆ ನಮ್ಮವರು ಬೆಟ್ಟ ಹತ್ತುತ್ತಿರಲಿಲ್ಲ ಅಂತಲ್ಲ. ದಿನಾ ಹತ್ತುತ್ತಿದ್ದರು. ಆದರೆ ಬರೀ ಹತ್ತುವುದಕ್ಕೆ ಅಂತ ಯಾರೂ ಹೋಗುತ್ತಿರಲಿಲ್ಲ. ಸೌದೆಗೆ ಹೋಗುತ್ತಿದ್ದರು. ಸೊಪ್ಪಿಗೆ ಹೋಗುತ್ತಿದ್ದರು. ಕಳಲೆಗೆ, ಅಣಬೆಗೆ, ಸೀಗೆಕಾಯಿಗೆ, ತಪ್ಪಿಸಿಕೊಂಡ ಗೌಡರ ದನಕ್ಕೆ ಹೋಗುತ್ತಿದ್ದರು. ಹೋದ ಒಂದೊಂದು ಸಲಕ್ಕೂ ಒಂದು 'ಗೆ' ಅಥವಾ ಒಂದು 'ಕ್ಕೆ' ಅಂಟಿಕೊಂಡಿರುತ್ತಿತ್ತು. ಕನ್ನಡ ಮೇಷ್ಟ್ರು ಇದನ್ನು ಚತುರ್ಥೀ ವಿಭಕ್ತಿ ಅಂತ ಹೇಳಿಕೊಟ್ಟರು. ನಾವು ಹೊಟ್ಟೆ ಅನ್ನುತ್ತೇವೆ.

ನಮ್ಮಲ್ಲೊಬ್ಬ ಅವ್ವನಿಗೆ ಚಾರಣ ಅಂದರೇನು ಅಂತ ಬಿಡಿಸಿ ಹೇಳಿದ. "ಬೆಂಗ್ಳೂರಿಂದ ರಾತ್ರಿಯೆಲ್ಲ ಬಸ್ಸಲ್ಲಿ ಬಂದು, ದುಡ್ಡು ಕೊಟ್ಟು, ಬೆಟ್ಟ ಹತ್ತಿ, ಏನೂ ತರದೆ ಇಳ್ದು ಹೋಗದು ಕಣವ್ವ." ಅವ್ವ ಎಲೆಗೆ ಸುಣ್ಣ ಸವರುತ್ತಾ ಸ್ವಲ್ಪ ಹೊತ್ತು ಸುಮ್ಮನಿದ್ದಳು. ಆಮೇಲೆ ಕೇಳಿದಳು, "ಏನೂ ತರಾಕಿಲ್ವಾ?" ಇಲ್ಲ. "ಒಂದ್ ಪುಳ್ಳೆನೂವೆ?" ಇಲ್ಲ ಕಣವ್ವ. "ಪುಣ್ಯವಂತ್ರು ಬಿಡ್ಲಾ."

ಅವಳ ಮಾತಿನಲ್ಲಿ ಅಸೂಯೆ ಇರಲಿಲ್ಲ. ನಮ್ಮಲ್ಲಿದೆ. ಆ ಅಸೂಯೆಯಿಂದಲೇ ಇದನ್ನು ಬರೆಯುತ್ತಿದ್ದೇವೆ. ಮುಚ್ಚಿಟ್ಟು ಬರೆಯುವುದು ನಮಗೆ ಬರುವುದಿಲ್ಲ.

2024ರ ಜನವರಿಯ ಕೊನೆಯ ವಾರ ನಿಮಗೆ ನೆನಪಿರಬಹುದು. ಗಣರಾಜ್ಯೋತ್ಸವದ ರಜೆಗೆ ಕುಮಾರಪರ್ವತದ ದಾರಿಯಲ್ಲಿ ಸಾವಿರಗಟ್ಟಲೆ ಜನ. ಇರುವೆ ಸಾಲಿನ ಹಾಗೆ ನಿಂತವರ ಚಿತ್ರ ಮೊಬೈಲಿನಿಂದ ಮೊಬೈಲಿಗೆ ಓಡಿತು. ಅಯ್ಯೋ ಬೆಟ್ಟವೇ, ಅಯ್ಯೋ ಕಾಡೇ ಅಂತ ಪೇಪರುಗಳೆಲ್ಲ ಕೊರಗಿದವು. ಸರ್ಕಾರ ಚಾರಣವನ್ನು ತಾತ್ಕಾಲಿಕವಾಗಿ ನಿಲ್ಲಿಸಿತು. ಅದೇ ವರ್ಷ ಅಕ್ಟೋಬರಿನ ಹೊತ್ತಿಗೆ ಕಂಪ್ಯೂಟರಿನಲ್ಲೇ ಟಿಕೆಟ್ಟು ಕಾಯ್ದಿರಿಸುವ ಏರ್ಪಾಟು ಮಾಡಿ, ಒಂದು ದಾರಿಗೆ ದಿನಕ್ಕೆ 300 ಜನ ಅಂತ ಮಿತಿ ಹಾಕಿ, ಬೆಟ್ಟಗಳ ಬಾಗಿಲು ತೆರೆಯಿತು. ಒಳ್ಳೆಯದೇ. ಬೆಟ್ಟಕ್ಕೂ ಉಸಿರು ಬೇಕು. ಇದಕ್ಕೆ ನಮ್ಮ ತಕರಾರಿಲ್ಲ.

ನಮ್ಮ ತಕರಾರು ಗೇಟಿನದು.

ಒಂದು ಭಾನುವಾರ ನಾವು ಅಂಥ ಒಂದು ಗೇಟಿನ ಹತ್ತಿರ ನಿಂತಿದ್ದೆವು. ನಮ್ಮಲ್ಲಿಬ್ಬರು ಶನಿವಾರ ಭಾನುವಾರ ದಾರಿ ತೋರಿಸುವ ಕೆಲಸ ಮಾಡುತ್ತಾರೆ. ಒಬ್ಬ ಬಿ.ಎ., ಒಬ್ಬ ಎಂ.ಎ. ಒಂದು ಮಿನಿ ಬಸ್ಸು ಬಂತು. ಇಳಿದವರು ಮೊಬೈಲು ತೋರಿಸಿದರು, ಗಾರ್ಡು ನೋಡಿದ, ಹೆಸರು ಕೂಗಿದ, ಬಿಟ್ಟ. ಅದೇ ಹೊತ್ತಿಗೆ ಪಕ್ಕದ ಕಾಲುದಾರಿಯಿಂದ ನಮ್ಮ ಕೇರಿಯ ಅಜ್ಜಿಯೊಬ್ಬಳು ತಲೆ ಮೇಲೆ ಒಣಸೌದೆ ಹೊತ್ತು ಇಳಿದು ಬಂದಳು. ಗಾರ್ಡು ಅವಳ ಹೊರೆ ಇಳಿಸಿದ. ಬಿಚ್ಚಿಸಿದ. ಹಸಿ ಯಾವುದು ಒಣ ಯಾವುದು ಅಂತ ಕಾಲಲ್ಲಿ ಒದ್ದು ನೋಡಿದ. ಕತ್ತಿ ಕಿತ್ತಿಟ್ಟುಕೊಂಡ. ಅಜ್ಜಿ ಕೈ ಮುಗಿದು ನಿಂತಳು. ಗಾರ್ಡೂ ಬಡವನೇ, ಅವನ ಮೇಲಿನವರಿಗೆ ಅವನೂ ಹಾಗೇ ನಿಲ್ಲುತ್ತಾನೆ. ಅದು ನಮಗೆ ಗೊತ್ತು. ಆದರೆ ಅಷ್ಟರಲ್ಲಿ ಬಸ್ಸಿನಿಂದ ಇಳಿದ ಹುಡುಗಿಯೊಬ್ಬಳು ಓಡಿ ಬಂದಳು. ಜಗಳಕ್ಕೆ ಬಂದಳೇನೋ ಅಂದುಕೊಂಡೆವು. "ಅಜ್ಜಿ, ಇನ್ನೊಂದ್ಸಲ ಹೊರೆ ಎತ್ತಿ ತಲೆ ಮೇಲೆ ಇಟ್ಕೊಳ್ತೀರಾ, ಒಂದು ಫೋಟೋ" ಅಂದಳು. ಅಜ್ಜಿ ಎತ್ತಿಕೊಂಡಳು. ನಗಿ ಅಂದರು. ನಕ್ಕಳು.

ಆ ಮಗು ಕೆಟ್ಟವಳಲ್ಲ. ಇಳಿಯುವಾಗ ದಾರಿಯಲ್ಲಿ ಬಿದ್ದಿದ್ದ ಪ್ಲಾಸ್ಟಿಕ್ಕನ್ನೆಲ್ಲ ಆರಿಸಿ ಚೀಲಕ್ಕೆ ತುಂಬಿಕೊಂಡು ಬಂದಳು. ಕಾಡಿನ ಕಸ ಅವಳ ಕಣ್ಣಿಗೆ ಬೀಳುತ್ತದೆ. ಕಾಡಿನ ಅಂಚಿನ ಮನುಷ್ಯ ಬೀಳುವುದಿಲ್ಲ, ಬಿದ್ದರೂ ಚಿತ್ರವಾಗಿ ಬೀಳುತ್ತಾನೆ. ಈ ಕಣ್ಣನ್ನು ಅವಳಿಗೆ ಯಾರು ಕೊಟ್ಟರು ಅಂತ ಕೇಳಬೇಕಾಗಿದೆ.

ಅದೇ ಕುಮಾರಪರ್ವತವನ್ನು ನೋಡಿ. ನಿಮ್ಮ ಬಸ್ಸು ನಿಲ್ಲುವುದು ಕುಕ್ಕೆ ಸುಬ್ರಹ್ಮಣ್ಯದಲ್ಲಿ. ಅಲ್ಲಿಯ ರಥವನ್ನು ಬಿದಿರು ಬೆತ್ತದಲ್ಲಿ ಕಟ್ಟುವವರು ಮಲೆಕುಡಿಯರು. ಆ ಬೆಟ್ಟದ ನೆತ್ತಿಯಿಂದ ಬುಡದವರೆಗೆ ಕಾಲಲ್ಲಿ ಬಲ್ಲವರು ಅವರೇ. ಅದೇ ಬುಡದಲ್ಲಿ ಬ್ರಾಹ್ಮಣರು ಉಂಡೆದ್ದ ಎಲೆಗಳ ಮೇಲೆ ಉರುಳುವ ಮಡೆಸ್ನಾನ ವರ್ಷ ವರ್ಷವೂ ನಡೆಯಿತು. 2011ರಲ್ಲಿ ನಿಷೇಧದ ಮಾತು ಬಂದಾಗ ಆ ಬುಡಕಟ್ಟಿನವರೇ ಕೆಲವರು, ನಿಷೇಧಿಸಿದರೆ ರಥ ಕಟ್ಟುವುದಿಲ್ಲ ಅಂದುಬಿಟ್ಟರು. ತುಳಿತಕ್ಕೊಳಗಾದವನ ಬಾಯಿಂದಲೇ ತುಳಿತವನ್ನು ಹೊಗಳಿಸುವಷ್ಟು ಜಾಣ ವ್ಯವಸ್ಥೆ ಇದು. 2017ರ ಮೌಢ್ಯ ನಿಷೇಧ ಕಾಯ್ದೆ ಬರುವವರೆಗೂ ಎಳೆದಾಟ ನಡೆದೇ ಇತ್ತು. ಇಷ್ಟನ್ನೂ ದಾಟಿಕೊಂಡು ನೀವು ತುದಿಗೆ ಹೋದಿರಿ. ಹೋಗಿ ಬಂದು ಬರೆದಿರಿ: ಮನುಷ್ಯರ ಹೆಜ್ಜೆ ಬೀಳದ ಕನ್ಯೆ ಕಾಡು!

ಕನ್ಯೆಯಂತೆ. ನಮ್ಮ ಅವ್ವಂದಿರು ಅಲ್ಲೇ ಹೆತ್ತಿದ್ದಾರೆ ಸ್ವಾಮಿ.

ಇನ್ನು ಕುತ್ಲೂರಿನ ವಿಷಯ. ಇದನ್ನು ನಿಧಾನವಾಗಿ ಹೇಳಬೇಕು. ಬೆಳ್ತಂಗಡಿ ತಾಲ್ಲೂಕಿನ ಊರು. ಕುದುರೆಮುಖ ರಾಷ್ಟ್ರೀಯ ಉದ್ಯಾನದ ಮಗ್ಗುಲು. ಅಲ್ಲಿಯೂ ಮಲೆಕುಡಿಯರ ಮನೆಗಳಿವೆ. 1987ರಲ್ಲಿ ಉದ್ಯಾನದ ಗೆರೆ ಎಳೆದ ಮೇಲೆ ಒಳಗಿದ್ದವರೆಲ್ಲ ತಮ್ಮ ಮನೆಯಲ್ಲೇ ಹೊರಗಿನವರಾದರು. ರಸ್ತೆ ಕೇಳಿದರೆ ಉದ್ಯಾನ ಅಂದರು, ಕರೆಂಟು ಕೇಳಿದರೆ ಉದ್ಯಾನ ಅಂದರು. ಅದೇ ಕುದುರೆಮುಖದ ಇನ್ನೊಂದು ಮಗ್ಗುಲಲ್ಲಿ 1976ರಲ್ಲಿ ಹುಟ್ಟಿದ ಸರ್ಕಾರಿ ಕಂಪನಿಯೊಂದು ಗುಡ್ಡಗಳನ್ನೇ ಅಗೆದು, ಅರೆದು, ಕೊಳವೆಯಲ್ಲಿ ಮಂಗಳೂರಿನ ಕಡಲಿಗೆ ಸಾಗಿಸುತ್ತಿತ್ತು. ಸುಪ್ರೀಂ ಕೋರ್ಟು ಅದನ್ನು ನಿಲ್ಲಿಸಿದ್ದು 2005ರ ಕೊನೆಗೆ. ಉದ್ಯಾನವಾದ ಮೇಲೂ ಹದಿನೆಂಟು ವರ್ಷ ಗುಡ್ಡ ತಿನ್ನಲು ಅಡ್ಡಿಯಿರಲಿಲ್ಲ. ಗುಡ್ಡದ ಮೇಲಿನ ಸೀಗೆಕಾಯಿ ಕೊಯ್ಯಲು ಅಡ್ಡಿಯಿತ್ತು.

2012ರಲ್ಲಿ ಆ ಕುತ್ಲೂರಿನಿಂದ ಮಂಗಳೂರಿಗೆ ಪತ್ರಿಕೋದ್ಯಮ ಓದಲು ಹೋಗಿದ್ದ ಮಲೆಕುಡಿಯ ಹುಡುಗನನ್ನೂ ಅವನಪ್ಪನನ್ನೂ ಪೊಲೀಸರು ನಕ್ಸಲರ ನಂಟಿದೆ ಎಂದು ಹಿಡಿದರು. ಸಿಕ್ಕಿದ ಮಾಲು ಏನೆಂದರೆ ಭಗತ್‌ಸಿಂಗನ ಮೇಲಿನ ಪುಸ್ತಕ, ಪೇಪರಿನ ತುಣುಕುಗಳು, ಊರಿಗೆ ಸೌಲಭ್ಯ ಬರುವ ತನಕ ಚುನಾವಣೆಗೆ ಹೋಗಬೇಡಿ ಎಂಬ ಕಾಗದ. ನಮ್ಮ ಕೋಣೆಗಳನ್ನು ಜಾಲಾಡಿದರೂ ಇಷ್ಟೇ ಸಿಗುತ್ತದೆ. 2021ರ ಅಕ್ಟೋಬರಿನಲ್ಲಿ ನ್ಯಾಯಾಲಯ ಅಪ್ಪ ಮಗ ಇಬ್ಬರನ್ನೂ ನಿರ್ದೋಷಿಗಳೆಂದು ಬಿಟ್ಟಿತು. ಒಂಬತ್ತು ವರ್ಷ ಹೋಗಿತ್ತು. ನಮ್ಮ ಹಾಗೆ ಮೊದಲ ತಲೆಮಾರಿನಲ್ಲಿ ಅಕ್ಷರ ಕಂಡ ಹುಡುಗನೊಬ್ಬನ ಇಪ್ಪತ್ತರ ಹರೆಯ ಕಟಕಟೆಯಲ್ಲಿ ಕಳೆದುಹೋಗಿತ್ತು.

ಈಗ ಕೇಳಿ. 2024ರ ಸೆಪ್ಟೆಂಬರಿನಲ್ಲಿ, ವಿಶ್ವ ಪ್ರವಾಸೋದ್ಯಮ ದಿನದಂದು, ಇದೇ ಕುತ್ಲೂರಿಗೆ ಕೇಂದ್ರ ಸರ್ಕಾರದ ಪ್ರಶಸ್ತಿ ಬಂತು. ಅತ್ಯುತ್ತಮ ಪ್ರವಾಸಿ ಗ್ರಾಮ, ಸಾಹಸ ಪ್ರವಾಸದ ವಿಭಾಗ! ಸಾಹಸ ಹೌದು. ಅಲ್ಲಿ ಹುಟ್ಟುವುದು ಸಾಹಸ, ಓದುವುದು ಸಾಹಸ, ಭಗತ್‌ಸಿಂಗನನ್ನು ಓದುವುದಂತೂ ಮಹಾ ಸಾಹಸ. ಊರಿನವರು ಪ್ರಶಸ್ತಿಗೆ ಖುಷಿಪಟ್ಟಿದ್ದರೆ ಅದು ಅವರ ಹಕ್ಕು, ನಾವು ಮೂಗು ಮುರಿಯುವುದಿಲ್ಲ. ನಾಲ್ಕು ಕಾಸು ಬರಲಿ, ದಾರಿ ಸರಿಯಾಗಲಿ. ನಮ್ಮನ್ನು ಚುಚ್ಚುವುದು ಇಷ್ಟೇ. ಅದೇ ಕಾಲುದಾರಿಯಲ್ಲಿ ಕುಡಿಯರ ಹುಡುಗ ನಡೆದರೆ ಅನುಮಾನ, ಕೆಂಪು ಚೀಲ ಬೆನ್ನಿಗೆ ಹಾಕಿಕೊಂಡ ನೀವು ನಡೆದರೆ ಪ್ರವಾಸೋದ್ಯಮ.

ನಮ್ಮ ಊರಿನ ಕಥೆಗೆ ಬರೋಣ. ನಾವು ಮೂಡಿಗೆರೆ ಸೀಮೆಯವರು. ಬುಡಕಟ್ಟಿನವರಲ್ಲ. ಹೊಲೆಯರು, ಮಾದಿಗರು. ಕಾಫಿ ತೋಟದ ಲೈನಿನಲ್ಲಿ ಹುಟ್ಟಿದವರು, ಕಾಡಿನ ಅಂಚಿನಲ್ಲಿ ಬೆಳೆದವರು. ನಮಗೂ ಕಾಡಿಗೂ ಇರುವ ನಂಟಿಗೆ 2006ರಲ್ಲಿ ಒಂದು ಕಾಯ್ದೆ ಬಂದಿದೆ, ಅರಣ್ಯ ಹಕ್ಕು ಕಾಯ್ದೆ. ಪರಿಶಿಷ್ಟ ಪಂಗಡದವರಾದರೆ 2005ರ ಡಿಸೆಂಬರ್ 13ಕ್ಕೆ ಮುಂಚೆ ಅಲ್ಲಿದ್ದೆವು ಎಂದು ತೋರಿಸಬೇಕು. ನಮ್ಮಂಥವರು 'ಇತರೆ ಪಾರಂಪರಿಕ ಅರಣ್ಯವಾಸಿ'ಗಳು. ನಾವು ಅದೇ ತಾರೀಖಿಗೆ ಮೂರು ತಲೆಮಾರು ಹಿಂದಿನಿಂದ, ಅಂದರೆ ಎಪ್ಪತ್ತೈದು ವರ್ಷ ಹಿಂದಿನಿಂದ, ಇದ್ದೆವು ಎಂದು ತೋರಿಸಬೇಕು. ಬೆರಳು ಮಡಚಿ ಲೆಕ್ಕ ಹಾಕಿ. 1930.

ಮುಳ್ಳಯ್ಯನಗಿರಿ ಎಷ್ಟು ಎತ್ತರ? ಕರ್ನಾಟಕದ ಅತಿ ಎತ್ತರದ ಬೆಟ್ಟ, ನಿಮಗೆ ಬಾಯಿಪಾಠ. 1930 ಮೀಟರು.

ಇದು ಬರೀ ಕಾಕತಾಳೀಯ. ಆದರೆ ಈ ಅಂಕಿಯನ್ನು ಮೊದಲ ಸಲ ಜೋಡಿಸಿ ನೋಡಿದ ರಾತ್ರಿ ನಮಗೆ ನಿದ್ದೆ ಬರಲಿಲ್ಲ. ನೀವು ಹತ್ತುವ 1930ಕ್ಕೆ ಟಾರು ರಸ್ತೆ ಇದೆ, ಕೊನೆಯಲ್ಲಿ ಮೆಟ್ಟಿಲಿದೆ, ಮೇಲೆ ಗುಡಿ ಇದೆ, ಗಾಳಿ ಇದೆ, ಇಳಿದ ಮೇಲೆ ಬಿಸಿ ಮೆಣಸಿನಕಾಯಿ ಬೋಂಡ ಇದೆ. ನಾವು ಹತ್ತಬೇಕಾದ 1930ಕ್ಕೆ ಮೆಟ್ಟಿಲೇ ಇಲ್ಲ. 1930ರಲ್ಲಿ ನಮ್ಮ ಮುತ್ತಜ್ಜ ಇಲ್ಲೇ ಇದ್ದ ಎಂಬುದಕ್ಕೆ ಏನು ದಾಖಲೆ? ಆ ವರ್ಷ ಮಾರ್ಚಿನಲ್ಲಿ ಬಾಬಾಸಾಹೇಬರು ನಾಸಿಕದಲ್ಲಿ ಕಾಳಾರಾಮನ ಗುಡಿಯೊಳಕ್ಕೆ ಬಿಡಿ ಎಂದು ಸತ್ಯಾಗ್ರಹ ಶುರುಮಾಡಿದ್ದರು. ದೇವರ ಮನೆಗೇ ನಮ್ಮನ್ನು ಬಿಡದ ಕಾಲದಲ್ಲಿ ಯಾವ ಶಾನುಭೋಗ ನಮ್ಮ ಹೆಸರು ಬರೆದಿಟ್ಟ? ನಮ್ಮಲ್ಲೊಬ್ಬನ ಮುತ್ತಜ್ಜನ ಹೆಸರು ಇದ್ದದ್ದು ಒಂದೇ ಒಂದು ಪುಸ್ತಕದಲ್ಲಿ, ಒಡೆಯರ ಮನೆಯ ಜೀತದ ಲೆಕ್ಕದಲ್ಲಿ. 1976ರಲ್ಲಿ ಜೀತ ರದ್ದಿನ ಕಾಯ್ದೆ ಬಂದಾಗ ಅದನ್ನು ಒಲೆಗೆ ಹಾಕಿದರಂತೆ. ನಾವಲ್ಲ, ಒಡೆಯರು. ಹೆದರಿಕೊಂಡು. ಜೀತ ಸುಟ್ಟಿತು, ಜೊತೆಗೆ ನಮ್ಮ ದಾಖಲೆಯೂ ಸುಟ್ಟಿತು. ಊರ ಹಿರಿಯರ ಹೇಳಿಕೆಯೂ ಸಾಕ್ಷಿಯೇ ಎಂದು ಕಾಯ್ದೆಯ ನಿಯಮದಲ್ಲಿ ಬರೆದಿದೆ. ನಾವು ಆ ನಿಯಮವನ್ನು ಓದಿ ತೋರಿಸಿದರೆ, "ಏನಯ್ಯ, ನನಗೇ ಕಾನೂನು ಹೇಳಿಕೊಡ್ತೀಯಾ, ಪೇಪರ್ ತಗೊಂಡ್ ಬಾ" ಅಂದರು ಒಬ್ಬ ಅಧಿಕಾರಿ. ಓದು ಕಲಿತದ್ದಕ್ಕೆ ನಮಗೆ ಸಿಕ್ಕ ಮೊದಲ ಬೈಗುಳ ಇದೇನಲ್ಲ, ಬಿಡಿ.

ಇನ್ನೊಂದು ಕಡೆ ನೋಡಿ. ಸರ್ಕಾರಿ ಕಂದಾಯ ಜಮೀನು ಒತ್ತುವರಿ ಮಾಡಿ ಕಾಫಿ ಹಾಕಿದ ಪ್ಲಾಂಟರುಗಳಿಗೆ 25 ಎಕರೆವರೆಗೆ, 30 ವರ್ಷಕ್ಕೆ ಗುತ್ತಿಗೆ ಕೊಡಲು 2022ರಲ್ಲಿ ಭೂಕಂದಾಯ ಕಾಯ್ದೆಗೇ ತಿದ್ದುಪಡಿ ತಂದರು. ಅವರನ್ನು ಮೂರು ತಲೆಮಾರಿನ ಲೆಕ್ಕ ಯಾರೂ ಕೇಳಲಿಲ್ಲ. ಆ ತೋಟಗಳಲ್ಲಿ ಈಗ ಹೋಂಸ್ಟೇಗಳು ಎದ್ದಿವೆ. ನೀವು ಉಳಿಯುವುದು ಅಲ್ಲೇ. ಎಲ್ಲರೂ ಹಾಗೆ ಅಂತ ನಾವು ಹೇಳುವುದಿಲ್ಲ, ನಮ್ಮ ಹುಡುಗರನ್ನು ಒಳಗೆ ಕೂರಿಸಿ ಉಣಿಸಿದವರೂ ಇದ್ದಾರೆ. ಆದರೆ ಒಂದು ಕಡೆ ನಮ್ಮಲ್ಲೊಬ್ಬ ಒಂಬತ್ತು ಜನರ ಗುಂಪಿಗೆ ದಾರಿ ತೋರಿಸಿ ಕರೆತಂದಾಗ, ಒಂಬತ್ತು ಎಲೆ ಜಗಲಿಯ ಒಳಗೆ, ಒಂದು ಎಲೆ ಹೊರಗೆ ಬಿತ್ತು. ಹೊರಗಿನ ಎಲೆ ಯಾರದೆಂದು ಬಿಡಿಸಿ ಹೇಳಬೇಕೆ? ಹತ್ತನೆಯವನು ಯಾರೆಂದು ತಿಳಿಯದೆ ಮೂರು ಹುಡುಗರು ಒಳಗೆ ಕೂತು "ಬ್ರೋ, ನೀವು ಬರಲ್ವಾ" ಅಂತ ಕೂಗಿದರು. ಅವರಿಗೆ ಗೊತ್ತಾಗಲಿಲ್ಲ. ಗೊತ್ತಾಗದೆ ಇರುವುದೇ ಅವರ ಜಾತಿ. ಇನ್ನು ನಮ್ಮವರೇ ಕೆಲವರು, ನೌಕರಿ ಹಿಡಿದ ಮೇಲೆ ಹೆಸರಿನ ಬಾಲ ತಿದ್ದಿಕೊಂಡು, ಅಂಥ ಜಗಲಿಯ ಒಳಗೇ ಕೂತು ಉಂಡು, ಬೆಟ್ಟದ ಮೇಲೆ ಸ್ಪೀಕರ್ ಹಾಕಿಕೊಂಡು ಕುಣಿದು ಬರುತ್ತಾರೆ. ಅವರನ್ನೂ ಬೈದೇ ಮುಂದೆ ಹೋಗಬೇಕು. ಬೈದಿದ್ದೇವೆ.

ನೀರಿನ ಮಾತು. ಜಲಪಾತ ಎಂಬುದು ಪಠ್ಯಪುಸ್ತಕದ ಹೆಸರು, ನಮ್ಮ ಕಡೆ ಅಬ್ಬಿ, ಘಟ್ಟದ ಕೆಳಗೆ ಅರ್ಬಿ. ನಿಮಗೆ ಅಬ್ಬಿ ಅಂದರೆ ನೊರೆ, ಹಾಲು, ಮುತ್ತು. ಗಗನಚುಕ್ಕಿ ಭರಚುಕ್ಕಿ ನೋಡಿ ಮೂಕವಿಸ್ಮಿತರಾಗುವ ಮುಂಚೆ ಒಂದು ಸಂಗತಿ ಕೇಳಿ. 1902ರಲ್ಲಿ ಶಿವನಸಮುದ್ರದ ಆ ನೀರಿನಿಂದ ಕರೆಂಟು ತೆಗೆದು ಮೊದಲು ಒಯ್ದದ್ದು ಮೈಸೂರಿಗಲ್ಲ, ಬೆಂಗಳೂರಿಗಲ್ಲ. ಸುಮಾರು 147 ಕಿಲೋಮೀಟರು ತಂತಿ ಎಳೆದು ಕೋಲಾರದ ಚಿನ್ನದ ಗಣಿಗೆ. ಬೆಂಗಳೂರಿನ ಬೀದಿದೀಪ ಹತ್ತಿದ್ದು 1905ರಲ್ಲಿ. ಗಣಿಯ ಒಳಗೆ ಇಳಿದವರು ಯಾರು? ಹೆಚ್ಚಿನವರು ಉತ್ತರ ಆರ್ಕಾಟಿನ ಕಡೆಯಿಂದ ಬಂದ ನಮ್ಮ ತಮಿಳು ದಲಿತ ಬಂಧುಗಳು. ಚಾಂಪಿಯನ್ ರೀಫ್ ಗಣಿ ಮೂರು ಸಾವಿರ ಮೀಟರಿಗಿಂತ ಆಳಕ್ಕೆ ಹೋಯಿತು. ಮುಳ್ಳಯ್ಯನಗಿರಿಯನ್ನು ತಲೆಕೆಳಗು ಮಾಡಿ ಆ ಗುಂಡಿಗೆ ಇಳಿಸಿದರೆ ಅದರ ತುದಿ ತಳ ಮುಟ್ಟುವುದಿಲ್ಲ. ನಿಮ್ಮ ಚಾರಣಕ್ಕೆ ಎತ್ತರದ ಲೆಕ್ಕ ಇಡುವ ಉಪಕರಣ ಕೈಗೆ ಕಟ್ಟಿಕೊಳ್ಳುತ್ತೀರಿ. ಆ ಇಳಿತದ ಲೆಕ್ಕ ಇಟ್ಟದ್ದು ಅವರ ಪುಪ್ಪುಸಗಳು. 2001ರಲ್ಲಿ ಗಣಿ ಮುಚ್ಚಿತು. ಅಬ್ಬಿ ಮಳೆಗಾಲದಲ್ಲಿ ಈಗಲೂ ಹಾಲಿನ ಹಾಗೆ ಬೀಳುತ್ತದೆ.

ನೀರಿನ ಹತ್ತಿರಕ್ಕೆ ನಡೆದುಹೋಗುವುದೇ ಚಾರಣವಾದರೆ, ಈ ದೇಶದ ದೊಡ್ಡ ಚಾರಣ 1927ರ ಮಾರ್ಚ್ 20ರಂದು ಮಹಾಡದಲ್ಲಿ ಆಯಿತು. ಅದೂ ಸಹ್ಯಾದ್ರಿಯ ಬುಡವೇ. ಮೇಲೆ ರಾಯಗಡ, ಈಗ ಹಿಂಡು ಹಿಂಡು ಹತ್ತುತ್ತಾರೆ. ಕೆಳಗೆ ಚವದಾರ್ ಕೆರೆ. ಬಾಬಾಸಾಹೇಬರ ಹಿಂದೆ ಸಾವಿರಾರು ಜನ ನಡೆದು ಹೋಗಿ ಬೊಗಸೆ ನೀರು ಕುಡಿದರು. ದೂರ ಹೆಚ್ಚೇನಿಲ್ಲ. ಆ ಕೆರೆಯ ಹಕ್ಕು ಕೋರ್ಟಿನಲ್ಲಿ ಗಟ್ಟಿಯಾಗಲು 1937 ಆಯಿತು.

ನಮ್ಮದೇ ನಾಡಿನ ಇನ್ನೊಂದು ಬೆಟ್ಟದ ದಾರಿ ಇದೆ, ಸೊರಬ ತಾಲ್ಲೂಕಿನ ಚಂದ್ರಗುತ್ತಿ. ಈಗ ಅಲ್ಲಿಗೂ ಬರುತ್ತೀರಿ, ಕೋಟೆ ಚೆನ್ನಾಗಿದೆ ಅನ್ನುತ್ತೀರಿ. ವರದಾ ಹೊಳೆಯಲ್ಲಿ ಮುಳುಗಿ, ಮೈಮೇಲೆ ನೂಲಿಲ್ಲದೆ, ಬೇವಿನ ಸೊಪ್ಪು ಹಿಡಿದು ಓಡುತ್ತಾ ರೇಣುಕಾಂಬೆಯ ಗುಡಿಯವರೆಗೆ ಆ ಬೆಟ್ಟ ಹತ್ತಿದವರು ಯಾರು ಗೊತ್ತೆ? ನಮ್ಮ ತಾಯಂದಿರು, ಅಕ್ಕಂದಿರು, ಹೆಚ್ಚಿನವರು ದಲಿತರು, ಹಿಂದುಳಿದವರು. ಹರಕೆ. ಅದನ್ನು ನೋಡಲು ಬಂದವರು ಸಾವಿರ ಸಾವಿರ. ಕ್ಯಾಮೆರಾ ತಂದವರೂ ಇದ್ದರು. 1986ರ ಮಾರ್ಚಿನಲ್ಲಿ ದಲಿತ ಸಂಘರ್ಷ ಸಮಿತಿಯ ನಮ್ಮ ಹಿರಿಯರೂ ಜೊತೆಗಾರರೂ ಬೇಡಿ ತಾಯಂದಿರೇ ಅಂತ ಅಡ್ಡ ನಿಂತರು. ಅವರನ್ನು ಹೊಡೆದರು. ಅವರ ಬಟ್ಟೆ ಕಿತ್ತು ಮೆರವಣಿಗೆ ಮಾಡಿದರು. ರಕ್ಷಣೆಗೆ ಬಂದ ಪೊಲೀಸರನ್ನೂ ಬಿಡಲಿಲ್ಲ. ಆಮೇಲೆ ಸರ್ಕಾರ ಬೆತ್ತಲೆ ಸೇವೆ ನಿಷೇಧಿಸಿತು. ಆ ಕಾಲುದಾರಿ ನಿಮಗೆ ಇವತ್ತು ಬರೀ ದಾರಿಯಾಗಿ, ಹುಲ್ಲು ಕಲ್ಲು ಗಾಳಿಯಾಗಿ ಸಿಕ್ಕಿದ್ದರೆ, ಅದಕ್ಕೆ ಮೈಯೊಡ್ಡಿದವರು ಯಾರೆಂದು ಅಲ್ಲಿ ಒಂದು ಬೋರ್ಡಾದರೂ ಬೇಡವೆ?

ಒಂದು ಕವಿಗೋಷ್ಠಿಯಲ್ಲಿ ಹಿರಿಯ ವಿಮರ್ಶಕರೊಬ್ಬರು ನಮ್ಮ ಪದ್ಯ ಕೇಳಿ, "ಎಲ್ಲಾ ಸರಿಯಪ್ಪ, ಮಲೆನಾಡಲ್ಲಿ ಹುಟ್ಟಿ ನಿಮ್ಮಲ್ಲಿ ಪ್ರಕೃತಿಯೇ ಇಲ್ವಲ್ಲ" ಅಂದರು. ಪ್ರೀತಿಯಿಂದಲೇ ಅಂದರು. ಉತ್ತರ ಆಗ ಹೊಳೆಯಲಿಲ್ಲ, ಈಗ ಹೇಳುತ್ತೇವೆ. ತಲೆ ಮೇಲೆ ಹೊರೆ ಇದ್ದವರು ತಲೆ ಎತ್ತಲಾರರು. ಇದು ರೂಪಕವಲ್ಲ ಸಾರ್, ಕತ್ತಿನ ನರದ ವಿಷಯ. ನಮ್ಮ ಅವ್ವಂದಿರ ಕಣ್ಣು ನೆಲದ ಮೇಲೆ ಇತ್ತು. ಯಾವ ಬೇರು ಎಡವಿಸುತ್ತದೆ, ಯಾವ ಕಲ್ಲು ಜಾರುತ್ತದೆ, ಮಳೆ ಹಿಡಿದ ಮೇಲೆ ಇಂಬಳ ಯಾವ ತಿರುವಿನಲ್ಲಿ ಹೆಚ್ಚು, ಯಾವ ಬಂಡೆ ಹೊರೆ ಇಳಿಸದೆ ಒರಗಿ ಸುಧಾರಿಸಿಕೊಳ್ಳುವಷ್ಟು ಎತ್ತರಕ್ಕಿದೆ, ಇವಿಷ್ಟೂ ಅವರ ಪ್ರಕೃತಿ. ಮಲೆನಾಡನ್ನು ನಮಗೆ ಕಾಣಿಸಿದ ದೊಡ್ಡ ಪುಸ್ತಕ ಕುವೆಂಪು ಅವರ 'ಮಲೆಗಳಲ್ಲಿ ಮದುಮಗಳು', 1967ರದು. ಅದರಲ್ಲಿ ಮಲೆ ಕಾಡು ದಾಟುವವನು ಯಾರು? ನಾಯಿಗುತ್ತಿ. ಹೊಲೆಯ. ಒಡೆಯರ ಕೆಲಸ ಹೊತ್ತು ಕಾಡು ಸುತ್ತಿದವನು, ತನ್ನ ತಿಮ್ಮಿಗಾಗಿಯೂ ಕಾಡು ದಾಟಿದವನು. ಗುತ್ತಿಯನ್ನು ಯಾರೂ ಚಾರಣಿಗ ಅನ್ನಲಿಲ್ಲ.

ಆದರೆ ನಮಗೆ ಬರೀ ಬೇರು ಕಲ್ಲು ಸಾಕು ಅಂತ ನಾವು ಹೇಳುತ್ತಿಲ್ಲ. ಇಲ್ಲಿ ನಮ್ಮ ಗೆಳೆಯರಲ್ಲೇ ಜಗಳವಿದೆ. ಚಾರಣವೇ ಸೊಕ್ಕಿದವರ ಚಾಳಿ, ನಮಗೇಕೆ ಎನ್ನುವವರಿದ್ದಾರೆ. ನಾವು ಒಪ್ಪುವುದಿಲ್ಲ. ಡಿಗ್ರಿ ರಿಸಲ್ಟು ಬಂದ ವಾರ ನಾವು ನಾಲ್ವರು ಬಲ್ಲಾಳರಾಯನ ದುರ್ಗ ಹತ್ತಿದೆವು. ಕೈಯಲ್ಲಿ ಕತ್ತಿ ಇಲ್ಲ, ಹಗ್ಗ ಇಲ್ಲ, ಸಿಂಬಿ ಇಲ್ಲ. ನಮ್ಮ ವಂಶದಲ್ಲೇ ಬರಿಗೈಲಿ ಬೆಟ್ಟ ಹತ್ತಿದವರು ನಾವೇ ಮೊದಲಿಗರು. ಮೇಲೆ ನಿಂತಾಗ ಕೈಗಳನ್ನು ಎಲ್ಲಿ ಇಟ್ಟುಕೊಳ್ಳಬೇಕೋ ಗೊತ್ತಾಗಲಿಲ್ಲ. ಮೋಡ ಕಾಲ ಕೆಳಗೆ ಹೋಯಿತು. ಹುಲ್ಲು ಅಲೆಅಲೆಯಾಗಿ ಬಾಗಿತು. ನಮ್ಮಲ್ಲೊಬ್ಬ, ಹೆಸರು ಹೇಳಿದರೆ ಹೊಡೆಯುತ್ತಾನೆ, ಅತ್ತುಬಿಟ್ಟ. ಚೆಂದ ಇತ್ತು. ಬಂಡಾಯದವರು ಚೆಂದ ಅನ್ನಬಾರದೆಂದು ಯಾವ ಸಂಘಟನೆಯ ನಿರ್ಣಯವೂ ಇಲ್ಲ. ಬಹಳ ಚೆಂದ ಇತ್ತು.

ಆಮೇಲೆ ಮೋಡ ಸರಿಯಿತು. ಕೆಳಗೆ ನಮ್ಮ ಕಡೆಯ ಊರುಗಳು ಕಂಡವು. ಅಷ್ಟೆತ್ತರಕ್ಕೆ ಹೋದರೆ ಮೇಲು ಕೀಳು ಅಳಿಸಿಹೋಗುತ್ತದೆ, ಎಲ್ಲ ಒಂದೇ ಆಗಿ ಕಾಣುತ್ತದೆ ಅಂತ ಬರೆಯುತ್ತಾರಲ್ಲ, ಸುಳ್ಳು. ಊರು ಕಂಡಿತು. ಊರಾಚೆ ಖಾಲಿ ಜಾಗ ಕಂಡಿತು. ಖಾಲಿ ಜಾಗ ದಾಟಿ ಕೇರಿ ಕಂಡಿತು. ಕೆಳಗೆ ಇದ್ದಾಗ ಆ ಖಾಲಿ ಜಾಗದಲ್ಲಿ ಸಂತೆ, ಹುಡುಗರ ಕ್ರಿಕೆಟ್ಟು, ಲಾರಿ ಎಲ್ಲ ಇರುತ್ತವೆ, ಗೊತ್ತಾಗುವುದಿಲ್ಲ. ಮೇಲಿಂದ ನೋಡಿದರೆ ಕತ್ತಿಯಲ್ಲಿ ಗೆರೆ ಎಳೆದ ಹಾಗಿತ್ತು. ಪ್ರತಿ ಊರಿಗೂ ಒಂದು ಗೆರೆ. ಬೆಟ್ಟದ ತುದಿ ನಮಗೆ ತೋರಿಸಿದ್ದು ಇದನ್ನು. ನೀವೂ ಅದೇ ತುದಿಯಲ್ಲಿ ನಿಂತಿದ್ದಿರಿ. ನಿಮಗೆ ಕಾಣಲಿಲ್ಲವೆ?

2014ರ ಮೇ 25ರಂದು ಮಾಲಾವತ್ ಪೂರ್ಣ ಎಂಬ ಲಂಬಾಣಿ ಹುಡುಗಿ, ಹದಿನಾಲ್ಕು ಇನ್ನೂ ತುಂಬಿರಲಿಲ್ಲ, ಎವರೆಸ್ಟ್ ತುದಿ ಮುಟ್ಟಿದಳು. ಜೊತೆಗೆ ಖಮ್ಮಂ ಕಡೆಯ ದಲಿತ ಹುಡುಗ ಆನಂದಕುಮಾರ್. ಇಬ್ಬರೂ ಸಮಾಜ ಕಲ್ಯಾಣ ವಸತಿ ಶಾಲೆಯ ಮಕ್ಕಳು. ನಮ್ಮ ಹಾಸ್ಟೆಲಿನಂಥದ್ದೇ ಹಾಸ್ಟೆಲು, ನಮ್ಮ ಸಾರಿನಂಥದ್ದೇ ಸಾರು. ಅಂದರೆ ಎತ್ತರ ನಮಗೆ ಒಗ್ಗದ್ದಲ್ಲ. ಅದೇ ವರ್ಷ ಏಪ್ರಿಲ್ 18ರಂದು ಅದೇ ಪರ್ವತದ ನೇಪಾಳದ ಮಗ್ಗುಲಲ್ಲಿ ಹಿಮ ಕುಸಿದು 16 ಮಂದಿ ಸತ್ತರು. ತುದಿ ಮುಟ್ಟಲು ಹೋದವರಲ್ಲ. ಅವರ ಸಾಮಾನು ಹೊತ್ತು, ದಾರಿ ಮಾಡಿಕೊಡಲು ಹೋದ ನೇಪಾಳಿ ಕೆಲಸಗಾರರು. ಹೊರೆಯ ದಾರಿ ಅಲ್ಲಿಯೂ ಬೇರೆಯೇ.

2023ರ ಜುಲೈನಲ್ಲಿ ದೂಧ್‌ಸಾಗರಕ್ಕೆ ರೈಲು ಹಳಿಯ ಮೇಲೆ ನಡೆದು ಹೋದವರಿಗೆ ರೈಲ್ವೆ ಪೊಲೀಸರು ಬಸ್ಕಿ ಹೊಡೆಸಿದರು. ದೇಶವೆಲ್ಲ ಅದನ್ನು ನೋಡಿತು. ಕೆಲವರು ನಕ್ಕರು, ಕೆಲವರಿಗೆ ಸಿಟ್ಟು ಬಂತು, ಇದೇನು ಅವಮಾನ ಅಂದರು. ಹೌದು, ಅವಮಾನವೇ. ಆ ಸಿಟ್ಟನ್ನು ದಯವಿಟ್ಟು ಉಳಿಸಿಕೊಳ್ಳಿ. ನಮ್ಮ ಅಜ್ಜಿ ಗೇಟಿನಲ್ಲಿ ಕೈ ಮುಗಿದು ನಿಂತಾಗ ಬೇಕಾಗುತ್ತದೆ.

ಮಳೆ ಬಿಟ್ಟ ಮೇಲೆ ನೀವು ಮತ್ತೆ ಬರುತ್ತೀರಿ. ಬನ್ನಿ. ಆ ಹೊತ್ತಿಗೆ ನಮ್ಮ ಗ್ರಾಮಸಭೆಯ ಸಾಮುದಾಯಿಕ ಅರಣ್ಯ ಹಕ್ಕಿನ ಅರ್ಜಿ ಮೂರನೇ ಸಲ ಆಫೀಸಿಗೆ ಹೋಗುತ್ತದೆ. ಎರಡು ಸಲ 1930ರ ಕಾಗದ ಇಲ್ಲ ಅಂತ ವಾಪಸು ಬಂದಿದೆ. ಈ ಸಲ ಕೇರಿಯ ಏಳು ಮಂದಿ ಮುದುಕರ ಹೇಳಿಕೆ ಬರೆಸಿಕೊಂಡಿದ್ದೇವೆ. ಅದರಲ್ಲಿ ಆ ಸೌದೆ ಅಜ್ಜಿಯದೂ ಒಂದು. ಬೆಟ್ಟದ ಹದಿನಾರು ಜಾಗಗಳಿಗೆ ಅವಳ ಅವ್ವ ಕರೆಯುತ್ತಿದ್ದ ಹೆಸರುಗಳನ್ನು ಅವಳು ಸಾಲಾಗಿ ಹೇಳಿದಳು, ನಾವು ಬರೆದುಕೊಂಡೆವು. ಆ ಹೆಸರುಗಳು ನಿಮ್ಮ ಮೊಬೈಲಿನ ನಕ್ಷೆಯಲ್ಲಿಲ್ಲ, ಅರಣ್ಯ ಇಲಾಖೆಯ ನಕ್ಷೆಯಲ್ಲೂ ಇಲ್ಲ. ನಿಮ್ಮ ಸಹಿಗೆ ಈ ಕಾಯ್ದೆಯಲ್ಲಿ ಕಿಮ್ಮತ್ತಿಲ್ಲ, ನಮಗೆ ಗೊತ್ತು. ಆದರೆ ನಮ್ಮ ಮುಖ ಕಂಡರೆ ಮುಚ್ಚುವ ಬಾಗಿಲು ನಿಮ್ಮ ಇಂಗ್ಲಿಷು ಕೇಳಿದರೆ ತೆರೆಯುತ್ತದೆ. ಅದೂ ಗೊತ್ತು. ಟಿಕೆಟ್ಟು ತೋರಿಸಿ ಒಳಗೆ ಹೋಗುವ ಮುಂಚೆ ಗೇಟಿನ ಎಡಗಡೆ ಹಲಸಿನ ಮರದ ಕೆಳಗೆ ನೋಡಿ. ಅರ್ಜಿ ಇಟ್ಟುಕೊಂಡು ನಾವು ಕೂತಿರುತ್ತೇವೆ. ಪೆನ್ನು ನಮ್ಮದೇ.